ಮೋಟುಜಡೆ

ನನ್ನ ಮಗಳು ಫೋನನ್ನು ಸೋಫಾದ ಮೇಲೆ ಎಸೆದು ಒಳಗೆ ಹೋಗಿ ಬಾಗಿಲು ಹಾಕಿಕೊಂಡಿದ್ದು ಒಂದೇ ಒಂದು ಪದದ ದೆಸೆಯಿಂದ. ಭಾನುವಾರ. ತಲೆಗೆ ನೀರು ಹಾಕಿ, ಒಣಗಿಸಿ, ಸಿಕ್ಕು ಬಿಡಿಸಿ, ಕಿವಿಯ ಹಿಂದೆ ಎರಡು ಜಡೆ ಹಾಕಿ ಕೂರಿಸಿದ್ದೆ. ಅಷ್ಟು ಹೊತ್ತಿಗೆ ಊರಿನಿಂದ ಅಮ್ಮನ ವಿಡಿಯೋ ಕಾಲ್ ಬಂತು. ಮೊಮ್ಮಗಳ ತಲೆ ನೋಡಿದ್ದೇ ಅಮ್ಮನಿಗೆ ಖುಷಿಯೋ ಖುಷಿ.

"ಅಯ್ಯೋ ನನ್ನ ಮೋಟುಜಡೆ! ತಿರುಗೇ, ಹಿಂದ್ಗಡೆ ನೋಡಾಣ."

ಎಂಟು ವರ್ಷದ ಹುಡುಗಿ ತಿರುಗಲಿಲ್ಲ. ಮುಖ ಕೆಂಪಾಯಿತು. "ನಾನೇನು ಮೋಟು ಅಲ್ಲ" ಅಂದವಳೇ ಎದ್ದು ಹೋದಳು. ಪರದೆಯಲ್ಲಿ ಅಮ್ಮ, ಸೋಫಾದ ದಿಂಬಿಗೆ ಮುಖ ಕೊಟ್ಟುಕೊಂಡು, "ಏನಾಯ್ತೇ ಇದಕ್ಕೆ? ನಾನೇನಂದೆ?" ಅಂತ ಕೇಳುತ್ತಲೇ ಇದ್ದಳು.

ಅಮ್ಮ ಏನೂ ತಪ್ಪು ಆಡಿರಲಿಲ್ಲ. ಮಗಳು ಕೇಳಿಸಿಕೊಂಡದ್ದು ಮಾತ್ರ ಬೇರೆ ಭಾಷೆ. ಹಿಂದಿಯಲ್ಲಿ ಮೋಟು ಅಂದರೆ ಡುಮ್ಮ. ನಮ್ಮ ಅಪಾರ್ಟ್‌ಮೆಂಟಿನ ಕೆಳಗಡೆ ಆಡುವ ಮಕ್ಕಳ ಬಾಯಲ್ಲಿ ಆ ಪದ ದಿನಕ್ಕೆ ಹತ್ತು ಸಲ ಬರುತ್ತದೆ, ಅದೂ ಅಳಿಸುವುದಕ್ಕೇ. ತಿಪಟೂರಿನ ಹತ್ತಿರದ ಒಂದು ಹಳ್ಳಿಯಲ್ಲಿ ಕೂತ ಅಜ್ಜಿ ಎಪ್ಪತ್ತು ವರ್ಷದಿಂದ ಬಳಸಿದ ಮುದ್ದಿನ ಪದ, ನೂರೈವತ್ತು ಕಿಲೋಮೀಟರ್ ದಾಟಿ ಬರುವಷ್ಟರಲ್ಲಿ ಬೈಗುಳವಾಗಿತ್ತು. ಒಂದು ಭಾಷೆಯಲ್ಲಿ ಅಡ್ಡಕ್ಕೆ ಜಾಸ್ತಿ ಇರುವುದು, ಇನ್ನೊಂದರಲ್ಲಿ ಉದ್ದಕ್ಕೆ ಕಮ್ಮಿ ಇರುವುದು.

ಆ ಮಧ್ಯಾಹ್ನ ಮಗಳಿಗೆ ಮೋಟು ಅಂದರೇನು ಅಂತ ಹೇಳಿಕೊಡಲು ಕೂತೆ. ಸುಲಭ ಅಂದುಕೊಂಡಿದ್ದೆ. "ಚಿಕ್ಕದು" ಅಂದೆ. "ಹಂಗಾದ್ರೆ ಚಿಕ್ಕ ಮರೀನೂ ಮೋಟುನಾ? ಚಿಕ್ಕ ಬಟ್ಟಲೂ ಮೋಟುನಾ?" ಅಂತ ಕೇಳಿದಳು. ಅಲ್ಲ. ಮೋಟು ಬಟ್ಟಲು ಅಂತ ಯಾರೂ ಅನ್ನುವುದಿಲ್ಲ. ಹಾಗಾದರೆ ಏನು?

ನಮ್ಮ ಹಳ್ಳಿ ಮನೆಯ ಮೋಟು ಸಾಮಾನುಗಳನ್ನೆಲ್ಲ ಒಂದೊಂದಾಗಿ ನೆನಪಿಸಿಕೊಂಡೆ. ಬೀಡಿಯ ಮೋಟು, ತಾತ ಅದನ್ನು ಆರಿಸಿ ಕಿವಿಯ ಮೇಲೆ ಸಿಕ್ಕಿಸಿಕೊಂಡು ಸಂಜೆಗೆ ಮತ್ತೆ ಹಚ್ಚುತ್ತಿದ್ದರು. ಬಳಪದ ಮೋಟು, ಬೆರಳಿಗೆ ಸಿಗದಷ್ಟು ಸವೆದ ಮೇಲೂ ಉಗುರಿನಲ್ಲಿ ಹಿಡಿದು ಸ್ಲೇಟಿನ ಮೇಲೆ ಕಿರ್ ಅಂತ ಬರೆಯುತ್ತಿದ್ದೆವು. ಮೋಟು ಪೊರಕೆ: ನಡುಮನೆ ಗುಡಿಸಿ ಗುಡಿಸಿ ಗರಿ ಸವೆದು ಹೋದ ಮೇಲೆ ಅದಕ್ಕೆ ಬಚ್ಚಲು ಉಜ್ಜುವ ಕೆಲಸಕ್ಕೆ ವರ್ಗ. ಹಿತ್ತಲಲ್ಲಿ ಸಿಡಿಲು ಬಡಿದು ತಲೆ ಹೋದ ತೆಂಗಿನ ಮೋಟುಮರ. ಯಾವುದೋ ಜಗಳದಲ್ಲಿ ಬಾಲ ಕಳೆದುಕೊಂಡ ಮೋಟುಬಾಲದ ನಾಯಿ. ಇವೆಲ್ಲ ಮೊದಲು ಉದ್ದ ಇದ್ದವು. ಸುಟ್ಟೋ ಸವೆದೋ ಮುರಿದೋ ಕಚ್ಚಿಸಿಕೊಂಡೋ ಈಗ ಇಷ್ಟು ಉಳಿದಿವೆ. ಅಂದರೆ ಮೋಟು ಅನ್ನುವುದು ಅಳತೆಯ ಮಾತೇ ಅಲ್ಲ, ಹೋದದ್ದರ ಲೆಕ್ಕ ಇಟ್ಟುಕೊಂಡ ಮಾತು. ತೆಲುಗಿನವರೂ ಬೋಳು ಮರದ ಬೊಡ್ಡೆಗೆ ಮೋಡು ಅನ್ನುತ್ತಾರೆ.

(ಮೋಟುಗೋಡೆ ಮಾತ್ರ ನನ್ನ ಈ ಸಿದ್ಧಾಂತಕ್ಕೆ ಒಗ್ಗುವುದಿಲ್ಲ. ಅದನ್ನು ಕಟ್ಟುವಾಗಲೇ ಸೊಂಟದ ಎತ್ತರಕ್ಕೆ ನಿಲ್ಲಿಸಿರುತ್ತಾರೆ, ಮೇಲಿನ ಅರ್ಧ ಎಲ್ಲೂ ಹೋಗಿರುವುದಿಲ್ಲ. ಇರಲಿ. ಗೋಡೆ ಅಂದರೆ ಸೂರಿನವರೆಗೆ ಇರಬೇಕು ಅನ್ನುವವರು ಇಟ್ಟ ಹೆಸರಿರಬೇಕು ಅದು.)

ಹಾಗಿದ್ದರೆ ಎಂಟು ವರ್ಷದ ಹುಡುಗಿಯ ಜಡೆ ಯಾಕೆ ಮೋಟು? ಅದು ಸವೆದಿಲ್ಲ, ಸುಟ್ಟಿಲ್ಲ. ಇನ್ನೂ ಬಂದೇ ಇಲ್ಲ. ಬೀಡಿಯಲ್ಲಿ ಮುಗಿದುಹೋದ ಭಾಗಕ್ಕೆ ಅನ್ನುವ ಮಾತನ್ನೇ ಮಗುವಿನ ತಲೆಯಲ್ಲಿ ಮುಂದೆ ಬರಬೇಕಾದ ಭಾಗಕ್ಕೂ ಅಂದುಬಿಟ್ಟಿದ್ದೇವೆ. ಇದು ನನಗೆ ಆವತ್ತು ಹೊಳೆಯಿತು, ಮತ್ತು ಇವತ್ತಿಗೂ ವಿಚಿತ್ರ ಅನ್ನಿಸುತ್ತದೆ.

ಜಡೆಯ ಕತೆಯೂ ಕಮ್ಮಿ ವಿಚಿತ್ರವಲ್ಲ. ಹೈಸ್ಕೂಲಿನಲ್ಲಿ ತತ್ಸಮ-ತದ್ಭವ ಉರು ಹೊಡೆದವರಿಗೆಲ್ಲ ಗೊತ್ತು: ಕಟಕ ಕಡಗ, ತಟ ದಡ, ಅಟವಿ ಅಡವಿ, ಜಟೆ ಜಡೆ. ಸಂಸ್ಕೃತದ ಟ ಕನ್ನಡದ ಬಾಯಿಗೆ ಬಂದು ಡ ಆಗುವ ಇಂಥ ನಡೆಯನ್ನು 13ನೆಯ ಶತಮಾನದಲ್ಲೇ ಕೇಶಿರಾಜ ತನ್ನ ವ್ಯಾಕರಣದಲ್ಲಿ ವಿವರಿಸಿದ್ದಾನೆ. ಆದರೆ ಜಟೆ ಅಂದರೆ ಋಷಿಗಳ ತಲೆಯ ಮೇಲಿನದು. ಬಾಚಣಿಗೆ ಕಾಣದೆ, ಎಣ್ಣೆ ಕಾಣದೆ, ಗಂಟು ಗಂಟಾಗಿ ಹಗ್ಗದಂತಾದ ಕೂದಲು. ಅದೇ ಪದ ಟ ಬಿಟ್ಟು ಡ ಹಿಡಿದು, ನಮ್ಮ ಮನೆಗಳಿಗೆ ಬಂದು, ಬೈತಲೆ ನೇರ ತೆಗೆದು, ಒಂದು ಕೂದಲೂ ಆಚೆ ಈಚೆ ಹೋಗದಂತೆ ಹೆಣೆದದ್ದಕ್ಕೆ ಹೆಸರಾಯಿತು. ಸನ್ಯಾಸಿ ಸಂಸಾರಿಯಾದ ಹಾಗೆ. ಎಳೆ ಮೇಲೆ ಎಳೆ ಹಾಕುವ ಯಾವುದಕ್ಕಾದರೂ ಈಗ ಆ ಹೆಸರು ಸಲ್ಲುತ್ತದೆ. ಕಂಬದ ತುದಿಯಿಂದ ಇಳಿಬಿಟ್ಟ ಬಣ್ಣದ ಹಗ್ಗಗಳನ್ನು ಹಿಡಿದು ಕುಣಿಯುತ್ತಾ ಹೆಣೆಯುವ, ಮತ್ತೆ ಉಲ್ಟಾ ಕುಣಿದು ಬಿಚ್ಚುವ ಆಟ ಜಡೆ ಕೋಲಾಟ.

ಉದ್ದ ಜಡೆ ಹಾಕುವುದು ಯಾರಿಗೂ ಬರುತ್ತದೆ. ಮೋಟುಜಡೆ ಹಾಕುವುದಕ್ಕೆ ಕೈ ಪಳಗಬೇಕು. ಮಗುವಿನ ಕೂದಲು ತೆಳು, ನುಣುಪು, ಮೇಲಾಗಿ ಎಲ್ಲ ಒಂದೇ ಉದ್ದ ಇರುವುದಿಲ್ಲ. ಮೂರು ಪಾಲು ಮಾಡಿ ಎರಡು ಸಲ ಹೆಣೆಯುವಷ್ಟರಲ್ಲಿ ನಡುವಿನ ಪಾಲು ಮುಗಿದೇ ಹೋಗಿರುತ್ತದೆ, ಕಿವಿಯ ಪಕ್ಕದ ಗಿಡ್ಡ ಕೂದಲು ಜಾರಿ ಆಚೆ ಬಂದಿರುತ್ತದೆ. ಅಮ್ಮನ ಉಪಾಯ ಟೇಪು. ಟೇಪು ಅಂದರೆ ನಮ್ಮ ಕಡೆ ರಿಬ್ಬನ್. ಅದನ್ನು ಅರ್ಧಕ್ಕೆ ಮಡಚಿ, ಮಡಿಕೆಯನ್ನು ಬುಡದಲ್ಲೇ ಸಿಕ್ಕಿಸಿ, ಒಂದೊಂದು ತುದಿಯನ್ನು ಒಂದೊಂದು ಪಾಲಿನ ಜೊತೆ ಸೇರಿಸಿಬಿಡುತ್ತಿದ್ದಳು. ಕೂದಲು ಮುಗಿದರೂ ಟೇಪು ಮುಗಿಯುವುದಿಲ್ಲವಲ್ಲ, ಇನ್ನೆರಡು ಸಲ ಟೇಪಿನಲ್ಲೇ ಹೆಣೆದು, ಮೇಲಕ್ಕೆ ಮಡಚಿ, ಬುಡಕ್ಕೆ ತಂದು ಹೂವಿನ ಹಾಗೆ ಗಂಟು ಹಾಕುತ್ತಿದ್ದಳು. ಕೆಲಸ ನಡೆಯುವಾಗ ಅವಳ ಎರಡು ಮೊಣಕಾಲ ನಡುವೆ ನನ್ನ ಭುಜ ಸಿಕ್ಕಿಕೊಂಡಿರುತ್ತಿತ್ತು. ಅಲುಗಾಡಿದರೆ ಬಾಚಣಿಗೆಯ ಬೆನ್ನಿನಿಂದ ನೆತ್ತಿಗೆ ಟಕ್ ಅಂತ ಒಂದು. ಎಷ್ಟು ಬಿಗಿಯಾಗಿ ಎಳೆಯುತ್ತಿದ್ದಳೆಂದರೆ ಹುಬ್ಬು ಒಂದು ಬೆರಳು ಮೇಲೇರಿ, ನಾನು ಬೆಳಿಗ್ಗೆಯೆಲ್ಲ ಏನೋ ನೋಡಿ ಬೆರಗಾದವಳ ಹಾಗೆ ಕಾಣುತ್ತಿದ್ದೆ. ಹೆಣ್ಣುಮಕ್ಕಳೆಲ್ಲ ಎರಡು ಜಡೆ ಮಡಚಿ ಕಟ್ಟಿಕೊಂಡೇ ಬರಬೇಕು ಅಂತ ಸ್ಕೂಲಿನ ಕಟ್ಟಪ್ಪಣೆ. ಮಡಚುವುದಕ್ಕೆ ಏನಾದರೂ ಇರಬೇಕಲ್ಲ, ಅದರ ಚಿಂತೆ ಸ್ಕೂಲಿಗೆ ಇರಲಿಲ್ಲ.

ನಮ್ಮಲ್ಲಿ ಮಕ್ಕಳ ತಲೆ ಒಂದು ಚಕ್ರದಲ್ಲಿ ತಿರುಗುತ್ತಿರುತ್ತದೆ. ಮೊದಲು ಮುಡಿ ಕೊಡುವುದು. ಒಬ್ಬರ ಮನೆದೇವರು ತಿರುಪತಿ, ಇನ್ನೊಬ್ಬರದು ಮಲೆ ಮಹದೇಶ್ವರ ಬೆಟ್ಟ, ಮತ್ತೊಬ್ಬರು ಧರ್ಮಸ್ಥಳಕ್ಕೆ ಹರಕೆ ಹೊತ್ತಿರುತ್ತಾರೆ. ಉತ್ತರ ಕರ್ನಾಟಕದವರು ಮೊದಲ ಕೂದಲು ತೆಗೆಸುವುದನ್ನು ಜಾವಳ ಅನ್ನುತ್ತಾರೆ. ಬೋಳು ತಲೆಗೆ ಗಂಧ ಹಚ್ಚಿಸಿಕೊಂಡು ಬಸ್ಸಿನಲ್ಲಿ ವಾಪಸು ಬಂದ ಮೇಲೆ, ಕೂದಲು ತಿಂಗಳಿಗೆ 1 ಸೆಂಟಿಮೀಟರಿನ ಮೇಲೆ ಒಂಚೂರು ಬೆಳೆಯುತ್ತದೆ. ಬೋಳಿನಿಂದ ಕ್ರಾಪು. ಕ್ರಾಪಿನಿಂದ ನೆತ್ತಿಯ ಮೇಲೊಂದು ಪಿಳ್ಳೆಜುಟ್ಟು, ರಬ್ಬರ್ ಬ್ಯಾಂಡ್ ಹಾಕಿದರೆ ತೆಂಗಿನ ಸಸಿಯ ಹಾಗೆ ನಿಲ್ಲುವಂಥದ್ದು. ಜುಟ್ಟು ತನ್ನ ಭಾರಕ್ಕೆ ತಾನೇ ಬಾಗತೊಡಗಿದಾಗ ಅದನ್ನು ಮೂರು ಪಾಲು ಮಾಡಬಹುದು. ಅಷ್ಟಕ್ಕೆ ಹತ್ತು ಹನ್ನೆರಡು ತಿಂಗಳು ಹಿಡಿಯುತ್ತದೆ. ಆವತ್ತು ಮೋಟುಜಡೆ. ನೋಡಿದರೆ ಒಂದು ವರ್ಷದ ಕಾಯುವಿಕೆ ಒಂದು ಬೆರಳು ಉದ್ದಕ್ಕೆ ಕೂತಿರುತ್ತದೆ. ಅಮ್ಮಂದಿರು ಆವತ್ತು ಯಾಕೆ ಅಷ್ಟು ಸಂಭ್ರಮಪಡುತ್ತಾರೆ, ಯಾಕೆ ಹೂವಿನವಳಿಂದ ಬರೀ ನಾಲ್ಕು ಮೊಗ್ಗು ಬೇಡಿ ತಂದು ಸಿಕ್ಕಿಸುತ್ತಾರೆ ಅನ್ನುವುದು ನನಗೆ ನಾನೇ ಅಮ್ಮನಾದ ಮೇಲೆ ಗೊತ್ತಾಯಿತು.

ಅಳತೆಗೆ ನಾವು ಮೈಯನ್ನೇ ಬಳಸುತ್ತೇವೆ. ಹೆಬ್ಬೆರಳಿನಿಂದ ತೋರುಬೆರಳಿಗೆ ಚೋಟು, ಹೆಬ್ಬೆರಳಿನಿಂದ ಕಿರುಬೆರಳಿಗೆ ಗೇಣು, ಮೊಣಕೈಯಿಂದ ನಡುಬೆರಳ ತುದಿಗೆ ಮೊಳ, ಎರಡೂ ಕೈ ಚಾಚಿದರೆ ಮಾರು. ಮಾರುದ್ದ ಜಡೆ ಅಂತ ಹೊಗಳುವವರು ಲೆಕ್ಕ ಹಾಕಿ ನೋಡಿರುವುದಿಲ್ಲ. ನಾಲ್ಕು ಮೊಳಕ್ಕೆ ಒಂದು ಮಾರು, ಅಂದರೆ 6 ಅಡಿ, ಅಷ್ಟು ಉದ್ದದ ಜಡೆ ಇದ್ದವಳು ಅದನ್ನು ಹೊತ್ತುಕೊಂಡೇ ನಡೆಯಬೇಕು. ಮೋಟುಜಡೆಗೆ ಚೋಟೇ ಮೇಲ್ಮಿತಿ. ಚೋಟುದ್ದ ಇದ್ದಾಳೆ, ಮಾತು ಮಾರುದ್ದ ಅಂತ ಬೈಸಿಕೊಳ್ಳುವ ಹುಡುಗಿಯರ ತಲೆಯಲ್ಲೇ ಅದು ಇರುವುದು.

ಯಾರು ಯಾರಿಗೆ ಅನ್ನಬಹುದು ಅನ್ನುವುದಕ್ಕೂ ಒಂದು ಕಟ್ಟಳೆ ಇದೆ. ಅಜ್ಜಿ, ಅತ್ತೆ, ಸೋದರಮಾವ ಮೋಟುಜಡೆ ಅಂದರೆ ಅದು ಮುದ್ದು. ಅದೇ ಪಕ್ಕದ ಬೆಂಚಿನ ಹುಡುಗಿ ಅಂದರೆ ಜಗಳ. ಬೆಳೆದ ಹೆಂಗಸಿಗೆ ಯಾರೂ ಹಾಗೆ ಕರೆಯುವುದಿಲ್ಲ. ಅವಳ ಕೂದಲು ಕಮ್ಮಿಯಿದ್ದರೆ ಇಲಿಬಾಲ ಅನ್ನುತ್ತಾರೆ, ಅದೂ ಬೆನ್ನ ಹಿಂದೆ. ಎರಡು ಜಡೆ ಸೇರಲ್ಲ ಅನ್ನುವ ಗಾದೆಯಲ್ಲಿ ಜಡೆ ಅಂದರೆ ಇಡೀ ಹೆಂಗಸೇ. ಗಂಡಸರು ಮಾಡಿದ ಗಾದೆ ಅಂತ ಕಾಣುತ್ತದೆ. ನಾನು ಕಂಡ ಹಾಗೆ ಮನೆಯ ಹಿಂದಿನ ಜಗಲಿಯಲ್ಲಿ ಸಾಲಾಗಿ ಒಬ್ಬರ ಹಿಂದೆ ಒಬ್ಬರು ಕೂತು, ಹಿಂದಿನವಳು ಮುಂದಿನವಳ ಹೇನು ನೋಡುತ್ತಾ, ನಾಲ್ಕೈದು ಜಡೆಗಳು ಗಂಟೆಗಟ್ಟಲೆ ಸೇರಿಕೊಂಡೇ ಇರುತ್ತಿದ್ದವು. ಹೊಟ್ಟೆಗೆ ಹಿಟ್ಟಿಲ್ಲ, ಜುಟ್ಟಿಗೆ ಮಲ್ಲಿಗೆ ಅಂತ ಜುಟ್ಟಿನ ಮೇಲೂ ಗಾದೆ ಉಂಟು. ಮೋಟುಜಡೆಯ ಮೇಲೆ ಒಂದು ಗಾದೆಯೂ ನನ್ನ ಕಿವಿಗೆ ಬಿದ್ದಿಲ್ಲ. ಗಾದೆ ಕಟ್ಟುವವರ ಕಣ್ಣಿಗೆ ಬೀಳದಷ್ಟು ಗಿಡ್ಡ.

ಧಾರವಾಡದ ನನ್ನ ಗೆಳತಿಯ ಮನೆಯಲ್ಲಿ ಜಡೆಗೆ ಹೆರಳು, ಬಾಚಣಿಗೆಗೆ ಹಣಿಗಿ, ತುದಿಗೆ ಕಟ್ಟುವ ಕುಚ್ಚಿಗೆ ಗೊಂಡೆ. "ಬಾ, ಹೆರಳ ಹಾಕ್ತೀನಿ" ಅಂತ ಅವಳ ತಾಯಿ ನನ್ನ ಮಗಳನ್ನು ಕರೆದಾಗ ಇವಳು ಹೆದರಿ ನನ್ನ ಹಿಂದೆ ಅಡಗಿದ್ದಳು, ಬೆರಳಿಗೆ ಏನೋ ಹಾಕುತ್ತಾರೆ ಅಂದುಕೊಂಡು. ವಿಜಯಪುರ, ಕಲಬುರ್ಗಿ ಕಡೆಯ ತಾಂಡಾಗಳ ಹಿರಿಯ ಲಂಬಾಣಿ ಹೆಂಗಸರು ಕೆನ್ನೆಯ ಎರಡೂ ಪಕ್ಕ ಕೂದಲಿಗೆ ಬೆಳ್ಳಿಯ ಟೋಪ್ಲಿ, ಘುಗ್ರಿ ಕಟ್ಟಿ ಇಳಿಬಿಡುತ್ತಾರೆ. ಅಷ್ಟು ಸಣ್ಣ ಎಳೆ ಅಷ್ಟು ಬೆಳ್ಳಿ ಹೊರುವುದನ್ನು ನೋಡಿದವರು ಗಿಡ್ಡ ಕೂದಲನ್ನು ಹಗುರ ಮಾಡಿ ಮಾತಾಡಲಾರರು.

ನಾನು ಎರಡು ಸಲ ಮೋಟುಜಡೆಯಾದವಳು. ಮೊದಲನೆಯದು ಎಲ್ಲರ ಹಾಗೆ. ಎರಡನೆಯದು 1991ರಲ್ಲಿ, ಒಂಬತ್ತು ವರ್ಷಕ್ಕೆ. ವಿಷಮಶೀತ ಜ್ವರ ಬಂದು ಮೂರು ವಾರ ಮಲಗಿದ್ದೆ. ಜ್ವರ ಬಿಟ್ಟಿತು, ಗಂಜಿ ಬಿಟ್ಟು ಅನ್ನ ತಿಂದೆ, ಸ್ಕೂಲಿಗೂ ಹೋದೆ. ಎಲ್ಲ ಮುಗಿಯಿತು ಅನ್ನುವಾಗ, ಎರಡು ತಿಂಗಳ ಮೇಲೆ, ಬಾಚಣಿಗೆಗೆ ಹಿಡಿಹಿಡಿ ಕೂದಲು ಬರತೊಡಗಿತು. ಜೋರು ಜ್ವರ ಬಂದಾಗ ಕೂದಲ ಬೇರುಗಳು ಒಟ್ಟಿಗೇ ಕೆಲಸ ನಿಲ್ಲಿಸಿ ಸುಮ್ಮನೆ ಕೂರುತ್ತವೆ, ಉದುರುವುದು ಎರಡು ಮೂರು ತಿಂಗಳು ಬಿಟ್ಟು, ಆಮೇಲೆ ತಾನೇ ಮತ್ತೆ ಬರುತ್ತದೆ ಅಂತ ಈಗ ಗೊತ್ತು. ಆಗ ಗೊತ್ತಿರಲಿಲ್ಲ. ಸೊಂಟದ ತನಕ ಇದ್ದ ಜಡೆ ಅದು. ಉಳಿದದ್ದನ್ನು ಅಮ್ಮ ಕತ್ತರಿ ಹಿಡಿದು ಸಮ ಮಾಡಿದಳು. ಕತ್ತರಿಸುವಾಗ ಒಂದು ಮಾತೂ ಆಡಲಿಲ್ಲ, ಬಾಚಣಿಗೆಯ ಟಕ್ ಕೂಡ ಇರಲಿಲ್ಲ. ಅದೇ ನನಗೆ ಭಯವಾಯಿತು.

ಆ ವರ್ಷದ ಸ್ಕೂಲ್ ಡೇಗೆ ನಮ್ಮ ತರಗತಿಯದು ಕೋಲಾಟ. ಎಲ್ಲರಿಗೂ ಉದ್ದ ಜಡೆ, ಕುಚ್ಚು, ಕನಕಾಂಬರ ಇರಬೇಕು ಅಂದರು ಮೇಷ್ಟ್ರು. ಅಮ್ಮ ನಮ್ಮ ಅತ್ತೆಯ ಚೌಲಿ ಇಸಿದುಕೊಂಡು ಬಂದಳು. ಚೌಲಿ ಅಂದರೆ ಸವರ, ಕೆಲವರ ಬಾಯಲ್ಲಿ ಚೌರಿ. ದೇವರಿಗೆ ಬೀಸುವ ಚಾಮರ, ಅದರ ಕೂದಲು ಕೊಡುವ ಚಮರೀಮೃಗ, ಎಲ್ಲ ಅದೇ ಬಳ್ಳಿಯ ಪದಗಳು. ನನ್ನ ಚೋಟೂ ಇಲ್ಲದ ಕೂದಲಿಗೆ ಆ ಮೊಳದುದ್ದದ ಚೌಲಿಯನ್ನು ಸೇರಿಸಿ, ಕಪ್ಪು ದಾರದಲ್ಲಿ ಬಿಗಿದು, ಏಳೆಂಟು ಏರ್‌ಪಿನ್ನು ಚುಚ್ಚಿದಳು. ಕನ್ನಡಿಯಲ್ಲಿ ನೋಡಿಕೊಂಡರೆ ಜ್ವರಕ್ಕೆ ಮುಂಚಿನ ನಾನು.

ಎರಡನೆಯ ಸುತ್ತಿನವರೆಗೆ ನಿಂತಿತು. ಕೂತು ಎದ್ದು ಕೋಲು ಹೊಡೆಯುವ ಪಟ್ಟು ಬಂದಾಗ ಬೆನ್ನಿನ ಮೇಲೆ ಏನೋ ಹಗುರಾಯಿತು. ಹಿಂದಿದ್ದ ಹುಡುಗಿ ಕಿರುಚಿದಳು. ಚೌಲಿ, ಕುಚ್ಚು, ಕನಕಾಂಬರದ ಸಮೇತ ಸ್ಟೇಜಿನ ನಟ್ಟನಡುವೆ ಬಿದ್ದಿತ್ತು. ಮುಂದಿನ ಸಾಲಿನ ಹುಡುಗನೊಬ್ಬ "ಹಾವು, ಹಾವು" ಅಂದ. ಜನ ನಕ್ಕರು. ನಾನು ಕುಣಿಯುವುದನ್ನು ನಿಲ್ಲಿಸಲಿಲ್ಲ. ನಿಲ್ಲಿಸಿದ್ದರೆ ಅಳು ಬರುತ್ತಿತ್ತು, ಅಷ್ಟೇ ಕಾರಣ, ಧೈರ್ಯ ಗಿಯರ್ಯ ಏನಲ್ಲ. ಸುತ್ತು ಬಂದಾಗಲೆಲ್ಲ ಅದನ್ನು ದಾಟಿಕೊಂಡು ಹೋದೆ. ಮುಗಿದ ಮೇಲೆ ಅಮ್ಮ ಸ್ಟೇಜು ಹತ್ತಿ, ಚೌಲಿಯನ್ನು ಎತ್ತಿ, ಧೂಳು ಕೊಡವಿ, ಸುರುಳಿ ಸುತ್ತಿ ಬ್ಯಾಗಿಗೆ ಹಾಕಿಕೊಂಡಳು, ಸಂತೆಯಲ್ಲಿ ಬಿದ್ದ ಸೊಪ್ಪಿನ ಕಟ್ಟು ಎತ್ತಿಕೊಂಡಷ್ಟು ಸಲೀಸಾಗಿ. ಮನೆಗೆ ಬರುವ ದಾರಿಯಲ್ಲಿ, "ನಿನ್ನ ಮೋಟುಜಡೆ ಗಟ್ಟಿಯಾಗೇ ಇತ್ತು ಕಣೇ. ಬಿದ್ದಿದ್ದು ನಿಮ್ಮತ್ತೇದು" ಅಂದಳು.

ಅತ್ತೆಯದೂ ಅಲ್ಲ, ನಿಜ ಹೇಳಬೇಕೆಂದರೆ. ಆ ಚೌಲಿ ಯಾರ ಕೂದಲೋ. ಬಾಚಿದಾಗ ಬಂದ ಕೂದಲನ್ನು ಉಂಡೆ ಮಾಡಿ ಗೋಡೆ ಸಂದಿಗೆ ಸಿಕ್ಕಿಸಿಡುವುದು, ಕೂದಲಿನವನು ಬಂದಾಗ ಕೊಟ್ಟು ಪಿನ್ನೋ ಪಾತ್ರೆಯೋ ತೆಗೆದುಕೊಳ್ಳುವುದು ಆಗ ಎಲ್ಲ ಮನೆಯಲ್ಲೂ ಇತ್ತು. ಆ ಉಂಡೆಗಳು ಎಲ್ಲಿಗೆ ಹೋಗುತ್ತವೆ ಅಂತ ನನಗೆ ಗೊತ್ತಾಗಿದ್ದು ಬಹಳ ಆಮೇಲೆ. ಕೊಪ್ಪಳಕ್ಕೆ ಅಂಟಿಕೊಂಡ ಭಾಗ್ಯನಗರದಲ್ಲಿ ಅದೇ ಒಂದು ದೊಡ್ಡ ಕಸುಬು. ಹೆಂಗಸರು ಸಾಲಾಗಿ ಕೂತು ಆ ಉಂಡೆಗಳ ಸಿಕ್ಕು ಬಿಡಿಸುತ್ತಾರೆ, ಉದ್ದದ ಪ್ರಕಾರ ಬೇರೆ ಬೇರೆ ಕಟ್ಟು ಮಾಡುತ್ತಾರೆ, ಅದು ಹೊರದೇಶಕ್ಕೆ ಹೋಗುತ್ತದೆ. ತಿರುಪತಿಯಲ್ಲಿ ಹರಕೆಯ ಕೂದಲನ್ನೂ ಹೀಗೇ ಉದ್ದದ ಮೇಲೆ ವಿಂಗಡಿಸಿ ಹರಾಜು ಹಾಕುತ್ತಾರೆ. ಉದ್ದಕ್ಕೆ ಬೆಲೆ, ಗಿಡ್ಡಕ್ಕೆ ಬೆಲೆ ಕಮ್ಮಿ. ದೇವರಿಗೆ ಮಾತ್ರ ಎರಡೂ ಒಂದೇ ಲೆಕ್ಕ.

ಇಷ್ಟೆಲ್ಲ ಕತೆಯನ್ನು ಮಗಳಿಗೆ ಹೇಳಿದೆ. ಚೌಲಿ ಬಿದ್ದ ಭಾಗವನ್ನು ಮೂರು ಸಲ ಹೇಳಿಸಿಕೊಂಡಳು. ಅಜ್ಜಿಯ ಜೊತೆ ರಾಜಿಯಾಯಿತು. ಮೋಟು ಪದ ಅವಳಿಗೆ ಎಷ್ಟು ಹಿಡಿಸಿತೆಂದರೆ ಸವೆದ ಪೆನ್ಸಿಲ್ಲು, ಅಪ್ಪನ ಚಾರ್ಜರ್ ವೈರು, ಉಳಿದ ಬಾಳೆಹಣ್ಣಿನ ತುಂಡು ಎಲ್ಲ ಮೋಟಾದವು. ಅಮ್ಮನಿಗೆ ಫೋನಿನಲ್ಲಿ ತಾನೇ "ಅಜ್ಜೀ, ಮೋಟುಜಡೆ ಮಾತಾಡ್ತಿರೋದು" ಅನ್ನತೊಡಗಿದಳು.

ಆಮೇಲೆ ಈ ಏಪ್ರಿಲ್‌ನಲ್ಲಿ ಈಜು ಕ್ಲಾಸಿಗೆ ಸೇರಿಸಿದೆವು. ಒದ್ದೆ ತಲೆ, ಬಿಸಿಲು, ಅದರ ಮೇಲೆ ಯಾರದೋ ತಲೆಯಿಂದ ಹತ್ತಿದ ಹೇನು. ಸೀರಣಿಗೆಯಲ್ಲಿ ಬಾಚಿ ಬಾಚಿ ಇಬ್ಬರೂ ಸೋತೆವು. "ಬಾಯ್ ಕಟ್ ಮಾಡಿಸಮ್ಮ" ಅಂತ ಅವಳೇ ಅಂದಳು. ಪಾರ್ಲರಿನ ಹುಡುಗಿ ಜಡೆ ಬಿಚ್ಚಲಿಲ್ಲ. "ಹಿಂಗೇ ಕಟ್ ಮಾಡಿಬಿಡ್ತೀನಿ ಮೇಡಂ, ಗಲೀಜಾಗಲ್ಲ" ಅಂದು ಒಂದು ಕಡೆ ಕರಕ್, ಇನ್ನೊಂದು ಕಡೆ ಕರಕ್. ರಬ್ಬರ್ ಬ್ಯಾಂಡ್ ಸಮೇತ ಎರಡನ್ನೂ ನನ್ನ ಅಂಗೈಗೆ ಇಟ್ಟಳು. ಮಗಳು ಕನ್ನಡಿಯಲ್ಲಿ ತಲೆ ಅಲ್ಲಾಡಿಸಿ, ಕತ್ತು ಮುಟ್ಟಿಕೊಂಡು, ನಗುತ್ತಿದ್ದಳು.

ರಾತ್ರಿ ಅಮ್ಮನಿಗೆ ಹೇಳಿದೆ. ಒಂದು ಗಳಿಗೆ ಸುಮ್ಮನಿದ್ದು, "ಎಸೀಬೇಡ. ಗೋಡೆ ಸಂದೀಲಿ ಇಡು" ಅಂದಳು.

"ಈ ಮನೇಲಿ ಸಂದಿ ಎಲ್ಲಿದೆ ಅಮ್ಮ?"

"ಹಂಗಾದ್ರೆ ಬೀರೂಲಿ ಇಡು. ಎಷ್ಟುದ್ದ ಇತ್ತು?"

ಫೋನನ್ನು ಕಿವಿಗೂ ಭುಜಕ್ಕೂ ನಡುವೆ ಸಿಕ್ಕಿಸಿಕೊಂಡು, ಒಂದು ಜಡೆಯನ್ನು ಎಳೆದು ಹೆಬ್ಬೆರಳಿಗೂ ತೋರುಬೆರಳಿಗೂ ಹಿಡಿದು ನೋಡಿದೆ.

"ಚೋಟುದ್ದ."

"ಪರವಾಗಿಲ್ವೇ" ಅಂದಳು ಅಮ್ಮ. "ಆ ವರ್ಷ ನಿಂದು ಅಷ್ಟೂ ಇರ್ಲಿಲ್ಲ."